ರಾಯ್ ಎದ್ದು ನಕ್ಕ ಕಥೆ

ದತ್ತಾತ್ರೇಯನ ಕಥೆಯನ್ನು ದತ್ತಾತ್ರೇಯನಿಗಿಂತ ಚೆನ್ನಾಗಿ ಹೇಳುತ್ತಿದ್ದವನು ಹಯಗ್ರೀವ. ಸಿಂಗಪುರದ ಆಂಗ್ ಮೋ ಕಿಯೋದಲ್ಲಿ ಯಾರ ಮಗುವಿನ ಹುಟ್ಟುಹಬ್ಬವೇ ಇರಲಿ, ಫ್ಲಾಟುಗಳ ಕೆಳಗಿನ ತೆರೆದ ವಾಯ್ಡ್ ಡೆಕ್ಕಿನಲ್ಲಿ ಬಿಸಿಬೇಳೆಬಾತಿನ ತಟ್ಟೆ ಎಲ್ಲರ ಕೈಗೆ ಬಂದಮೇಲೆ ಅವನು ಒಂದು ಪ್ಲಾಸ್ಟಿಕ್ ಕುರ್ಚಿಯನ್ನು ನಡುವೆ ಎಳೆದು, ಅದನ್ನೇ ವಿಕೆಟ್ ಮಾಡಿಕೊಂಡು ಶುರುಹಚ್ಚುತ್ತಿದ್ದ.

"ಇಂಗ್ಲೆಂಡ್. ಎರಡು ಸಾವಿರದ ಮೂರು. ನಮ್ಮ ಕೌಂಟಿ ಬಾಲ್ ಹಿಡ್ಕೊಂಡು ನಿಂತಿದಾರೆ. ಬ್ಯಾಟಿಂಗ್ ಯಾರು? ರಾಯ್ ಪೆನ್‌ಫೋಲ್ಡ್. ನಂಬರ್ ಇಲೆವೆನ್! ಹೆಲ್ಮೆಟ್ ಇಲ್ಲ, ಬರೀ ಕ್ಯಾಪು. ನಮ್ಮೋರು ಓಡ್ ಬಂದ್ರು, ಬಂದ್ರು, ಬಿಟ್ರು ನೋಡಿ ಒಂದು ಬೌನ್ಸರ್, ಠಪ್!" ಎಂದು ತನ್ನ ಕಿವಿಯ ಹಿಂದೆ ತಾನೇ ಹೊಡೆದುಕೊಂಡು ಕುರ್ಚಿಯ ಸಮೇತ ಉರುಳುತ್ತಿದ್ದ. ಮಕ್ಕಳು ಕಿರುಚುತ್ತಿದ್ದವು. ಬಿದ್ದಲ್ಲಿಂದಲೇ ಅವನು ತಲೆ ಎತ್ತಿ ಕೇಳುತ್ತಿದ್ದ: "ಎಲ್ರೂ ಸತ್ತೇಹೋದ ಅಂದ್ಕೊಂಡ್ರು. ಆಗ ಏನಾಯ್ತು?"

"ಎದ್ದು ನಕ್ಕ!" ಎಂದು ಮಕ್ಕಳೆಲ್ಲ ಒಟ್ಟಿಗೆ ಕೂಗುತ್ತಿದ್ದವು. ಅದರಲ್ಲಿ ಎಲ್ಲಕ್ಕಿಂತ ಜೋರು ದನಿ ದತ್ತಾತ್ರೇಯನ ಮಗಳು ಜಾನ್ವಿಯದು. ಎರಡನೆಯದು ಹಯಗ್ರೀವನ ಮಗಳು ತನಿಷಾಳದು.

"ಎದ್ದು ನಕ್ಕ! ಸಾಯಂಕಾಲ ನಮ್ಮ ಕೌಂಟಿಗೆ ಬಿಯರ್ ಬೇರೆ ಕೊಡ್ಸಿದ!"

ದತ್ತಾತ್ರೇಯ ಒಂದು ಕಂಬಕ್ಕೆ ಒರಗಿ, ತಟ್ಟೆಯಲ್ಲಿ ಬೂಂದಿ ಹುಡುಕುತ್ತ, ಸಂಕೋಚದವನಂತೆ ನಗುತ್ತಿದ್ದ. ಸಿಂಗಪುರದ ಕನ್ನಡಿಗರಲ್ಲಿ ಅವನ ಹೆಸರೇ ಕೌಂಟಿ. ಟೀವಿಯಲ್ಲಿ ಬರುವ ದೊಡ್ಡ ಕೌಂಟಿಗಳ ಕೆಳಗೆ ಮೈನರ್ ಕೌಂಟಿ ಎಂಬುದೊಂದಿದೆ, ಅಲ್ಲಿ ಮೇಷ್ಟರುಗಳೂ ರೈತರೂ ಅಂಚೆಯವರೂ ರಜೆ ಹಾಕಿ ಬಂದು ಮೂರು ದಿನ ಆಡಿ ಹೋಗುತ್ತಾರೆ ಎಂಬುದು ಈ ಸಾಫ್ಟ್‌ವೇರಿನವರಿಗೆ ಗೊತ್ತಿರಲಿಲ್ಲ. ಗೊತ್ತುಮಾಡಿಸುವ ಗೋಜಿಗೆ ಅವನೂ ಹೋಗಿರಲಿಲ್ಲ. ಹಾಳೂರಿಗೆ ಉಳಿದವನೇ ಗೌಡ. ಗೌಡಿಕೆ ಯಾರಿಗೆ ಬೇಡ?

ಅವನು ಆಡಿದ್ದು ನಿಜವೇ. ಮೈಸೂರಿನಿಂದ ಇಂಗ್ಲೆಂಡಿಗೆ ಎಂಎಸ್‌ಸಿ ಓದಲು ಹೋದವನು, ಸಮುದ್ರದ ಅಂಚಿನ ಒಂದು ಸಣ್ಣ ಕೌಂಟಿಗೆ ಮೂರು ಬೇಸಗೆ, ಹತ್ತೊಂಬತ್ತು ಪಂದ್ಯ, ಅರವತ್ತೊಂದು ವಿಕೆಟ್. ಆದರೆ ಆ ಕೌಂಟಿ ಅವನನ್ನು ಇಟ್ಟುಕೊಂಡದ್ದು ವಿಕೆಟ್ಟಿಗಲ್ಲ, ಹೆದರಿಸುವುದಕ್ಕೆ. ಮೊದಲ ಪಂದ್ಯದಲ್ಲೇ ಒಬ್ಬ ದಾಂಡಿಗ ಅವನ ಮೈಬಣ್ಣ ಹಿಡಿದು ಏನೋ ಅಂದ. ಮುಂದಿನ ಚೆಂಡಿಗೆ ಆ ಬಾಯಿ ಬಾಯಾಗಿ ಉಳಿಯಲಿಲ್ಲ. ದವಡೆ ಎರಡು ಕಡೆ ಮುರಿದು, ಪಿಚ್ಚಿನ ಮೇಲೆ ರಕ್ತದ ಜೊತೆ ಒಂದು ಹಲ್ಲು ಬಿತ್ತು. ದತ್ತಾತ್ರೇಯನ ಕ್ಯಾಪ್ಟನ್, ದನದ ಸಂತೆಯಲ್ಲಿ ಹರಾಜು ಕೂಗುವ ಕಸುಬಿನವನು, ಆ ಹಲ್ಲನ್ನು ಹೆಕ್ಕಿ ಬೆಂಕಿಪೊಟ್ಟಣದಲ್ಲಿ ಹಾಕಿ ಸಂಜೆ ಅವನಿಗೆ ಬಹುಮಾನವೆಂದು ಕೊಟ್ಟ. ಎಲ್ಲರೂ ಮೇಜು ಗುದ್ದಿ ನಕ್ಕರು. ಊರು ಬಿಟ್ಟು ಬಂದಮೇಲೆ ಮೊದಲ ಸಲ ತನ್ನನ್ನು ನಾಲ್ಕು ಜನ ತಮ್ಮವನೆಂದುಕೊಂಡರು ಎಂದು ಅವನಿಗೆ ಅನಿಸಿದ್ದು ಅವತ್ತೇ.

ಆಮೇಲೆ ಕ್ಯಾಪ್ಟನ್ ಮಾತಾಡುವ ಅಗತ್ಯವೇ ಬೀಳಲಿಲ್ಲ. ಚೆಂಡನ್ನು ಅವನ ಅಂಗೈಗೆ ಒತ್ತಿ, ತನ್ನ ಗಂಟಲನ್ನು ಎರಡು ಬೆರಳಲ್ಲಿ ಮುಟ್ಟಿಕೊಂಡರೆ ಸಾಕು. ಒಬ್ಬನ ಮೊಣಕೈ ಚಿಪ್ಪು ಒಡೆಯಿತು. ಒಬ್ಬನಿಗೆ ಪಕ್ಕೆಲುಬು ಮುರಿದು, ಉಸಿರು ಎಳೆದಾಗಲೆಲ್ಲ ನಾಯಿಮರಿಯಂತೆ ಕುಂಯ್‌ಗುಟ್ಟುತ್ತಿದ್ದ. ದತ್ತಾತ್ರೇಯನಿಗೆ ಇದರಲ್ಲಿ ಸುಖ ಸಿಗುತ್ತಿತ್ತು. ಇದನ್ನು ಮುಚ್ಚಿಟ್ಟು ಕಥೆ ಹೇಳಿದರೆ ಪ್ರಯೋಜನವಿಲ್ಲ.

ರಾಯ್ ಪೆನ್‌ಫೋಲ್ಡ್ ನಲವತ್ತೊಂದರ ಅಂಚೆಯವನು. ಊಟದ ಹೊತ್ತಿನಲ್ಲಿ ಪಕ್ಕದಲ್ಲಿ ಕೂತು, ನಿಮ್ಮ ಮೈಸೂರಿನಲ್ಲಿ ಅಂಚೆಯವರು ಸೈಕಲ್ ತುಳಿಯುತ್ತಾರಾ ಎಂದು ಕೇಳಿದ್ದ, ತನ್ನ ಪಾಲಿನ ಕೇಕಿನಲ್ಲಿ ಅರ್ಧ ಮುರಿದು ಕೊಟ್ಟಿದ್ದ. ಹನ್ನೊಂದನೆಯವನಾಗಿ ಬ್ಯಾಟು ಹಿಡಿದು ಬಂದಾಗ, "ಸ್ವಲ್ಪ ನೋಡ್ಕೊಂಡು ಹಾಕಪ್ಪಾ, ಸೋಮವಾರ ಕಾಗದ ಹಂಚಬೇಕು" ಎಂದು ತನ್ನ ಇಂಗ್ಲಿಷಿನಲ್ಲಿ ತಮಾಷೆ ಮಾಡಿದ. ಕೊನೆಯವನಿಗೆ ಬೌನ್ಸರ್ ಹಾಕಬಾರದೆಂಬುದು ವೇಗದ ಬೌಲರುಗಳಲ್ಲಿ ಬರೆಯದೇ ಇದ್ದ ಕಟ್ಟಳೆ. ದತ್ತಾತ್ರೇಯ ಕ್ಯಾಪ್ಟನ್ನಿನ ಕಡೆ ನೋಡಿದ. ಅವನ ಎರಡು ಬೆರಳು ಗಂಟಲಿಗೆ ಹೋದವು.

ಚೆಂಡು ರಾಯ್‌ನ ಬಲಗಿವಿಯ ಹಿಂದೆ ಬಿತ್ತು. ಒಣ ತೆಂಗಿನಕಾಯಿಯನ್ನು ಕಲ್ಲಿಗೆ ಒಡೆದಾಗ ಬರುವ ಸದ್ದು. ಅವನು ವಿಕೆಟ್ಟಿನ ಮೇಲೆ ಬಿದ್ದ. ಬಿದ್ದವನ ಕಾಲುಗಳು ಮಾತ್ರ ನಡೆಯುತ್ತಿರುವಂತೆ ಒಂದರ ಹಿಂದೊಂದು ಆಡುತ್ತಿದ್ದವು. ದತ್ತಾತ್ರೇಯ ಸೊಂಟಕ್ಕೆ ಕೈಕೊಟ್ಟು ನಿಂತು ಕನ್ನಡದಲ್ಲಿ, "ಏಳೋ ಮುದುಕಾ, ಏಳೋ" ಎಂದ. ಯಾರಿಗೂ ಅರ್ಥವಾಗಲಿಲ್ಲ. ಅದೊಂದು ಪುಣ್ಯ.

ಆ ಸಂಜೆ ಮೈಸೂರಿನಿಂದ ಅಮ್ಮನ ಫೋನ್. ಆಟ ಹೇಗಾಯಿತೆಂದು ಕೇಳಿದಳು. ಒಬ್ಬನಿಗೆ ತಲೆಗೆ ಪೆಟ್ಟಾಯಿತೆಂದ. "ಅಯ್ಯೋ, ಎದ್ದ್ನೇನೋ ಅವನು?" ಎಂದಳು ಅಮ್ಮ. "ಎದ್ದ ಅಮ್ಮಾ. ಎದ್ದು ನಕ್ಕ. ಟೀನೂ ಕೊಡ್ಸಿದ." ಸಿಂಗಪುರಕ್ಕೆ ಬರುವಷ್ಟರಲ್ಲಿ ಆ ಟೀ ಬಿಯರಾಗಿತ್ತು.

ನಿಜ ಏನೆಂದರೆ, ವಾರದ ನಂತರ ಅವನು ಆಸ್ಪತ್ರೆಗೆ ಹೋಗಿದ್ದ. ರಾಯ್‌ನ ಬಾಯಿಂದ ಇಳಿಯುವ ಜೊಲ್ಲನ್ನು ಹೆಂಡತಿ ಒರೆಸುತ್ತ ಕೂತಿದ್ದಳು. ಇವನೂ ರಾಯ್‌ನ ತಂಡದವನೇ ಇರಬೇಕೆಂದುಕೊಂಡು ಬೆಂಚಿನಲ್ಲಿ ಸರಿದು ಜಾಗ ಕೊಟ್ಟಳು. ಹತ್ತು ನಿಮಿಷ ಕೂತ. ನಾನೇ ಎಸೆದವನು ಎಂದು ಹೇಳದೆ ಎದ್ದುಬಂದ. ರಾಯ್ ಒಂಬತ್ತು ವರ್ಷ ಹಾಗೆಯೇ ಇದ್ದು ಸತ್ತ. ದತ್ತಾತ್ರೇಯನ ತೋಳು ಮಾತ್ರ ಆ ವಾರದಿಂದಲೇ ಚೆಂಡನ್ನು ನೆಲಕ್ಕೆ ಕುಕ್ಕಿ ಪುಟಿಸಲು ಒಪ್ಪಲಿಲ್ಲ. ಎಸೆದದ್ದೆಲ್ಲ ದಾಂಡಿಗನ ಕಾಲಬುಡಕ್ಕೆ ಮೆತ್ತಗೆ ಹೋಗಿ ಬೀಳುತ್ತಿತ್ತು. ರೈತರ ಹುಡುಗರು ಬೇಲಿಯಾಚೆಗೆ ಬಾರಿಸಿದರು. ಸೆಪ್ಟೆಂಬರಿನಲ್ಲಿ ಎರಡು ಸಾಲಿನ ಕಾಗದ ಬಂತು: ಇನ್ನು ಬರಬೇಕಾಗಿಲ್ಲ. ಮಂಡಿ ಹೋಯಿತು, ಅದಕ್ಕೇ ಬಿಟ್ಟೆ ಎಂದು ಹೆಂಡತಿ ಪದ್ಮಿನಿಗೂ ಹೇಳಿದ್ದ.

ಜಾನ್ವಿಗೆ ಈಗ ಹದಿನೇಳು. ನೂಲಿನಂತೆ ಸೀರೆ ಎನ್ನುತ್ತಾರಲ್ಲ, ಇದು ಅಪ್ಪನ ನೂಲು. ಅದೇ ಉದ್ದ ತೋಳು, ಅದೇ ಓಟ, ಮೂಗಿನ ತುದಿಯಲ್ಲಿ ಅದೇ ಸಿಟ್ಟು. ಸ್ಕೂಲಿನಲ್ಲಿ ಒಬ್ಬ ಹುಡುಗಿ ಕರಿಯವಳು ಅಂದದ್ದಕ್ಕೆ ಲಾಕರಿನ ಬಾಗಿಲಿಗೆ ಆ ಹುಡುಗಿಯ ಬೆರಳು ಸಿಕ್ಕಿಸಿ ಒತ್ತಿ ಬಂದವಳು. ಅಪ್ಪ ಪ್ರಿನ್ಸಿಪಾಲರ ಮುಂದೆ ಬೈದು, ಮನೆಗೆ ಬಂದು ಐಸ್‌ಕ್ರೀಮ್ ಕೊಡಿಸಿದ್ದ. ಬಿಶಾನಿನ ಕ್ರಿಕೆಟ್ ನೆಟ್ಟಿನಲ್ಲಿ ಭಾನುವಾರಗಳಂದು ಅವಳ ಚೆಂಡುಗಳನ್ನು ತೊಡೆಗೂ ಪಕ್ಕೆಗೂ ತಿಂದು, ಹಸಿರುಗಟ್ಟಿದ ಮೈಯನ್ನು ಪದ್ಮಿನಿಗೆ ಪದಕದ ಹಾಗೆ ತೋರಿಸುತ್ತಿದ್ದ.

"ಅಪ್ಪನ್ನ ಸಾಯಿಸ್ಬಿಡ್ತೀಯ ಕಣೇ ಒಂದಿನ," ಎಂದು ಪದ್ಮಿನಿ ಮುಲಾಮು ಹಚ್ಚುತ್ತ ಬೈಯುತ್ತಿದ್ದಳು.

"ಏನೂ ಆಗಲ್ಲ ಅಮ್ಮಾ. ರಾಯ್‌ಗೇ ಏನೂ ಆಗ್ಲಿಲ್ಲ, ಅಪ್ಪಂಗೆ ಆಗತ್ತಾ?"

ದತ್ತಾತ್ರೇಯ ಅಂಗಿ ಕೆಳಗೆಳೆದುಕೊಂಡು ಎದ್ದುಹೋಗುತ್ತಿದ್ದ. ಒಂದು ಸಲ ಅವಳು, ಹೆದರಿರೋರಿಗೆ ಎಲ್ಲಿಗೆ ಹಾಕ್ಬೇಕು ಅಪ್ಪಾ, ಎಂದು ಕೇಳಿದಾಗ ಬಾಯಿಂದ ಮಾತು ಬರುವ ಮೊದಲೇ ಅವನ ಎರಡು ಬೆರಳು ಗಂಟಲಿಗೆ ಹೋಗಿದ್ದವು. ಹುಡುಗಿ ಅದನ್ನು ಕಲಿತುಬಿಟ್ಟಳು.

ಆಯ್ಕೆಯ ಪಂದ್ಯವಿದ್ದದ್ದು ಸೆರಂಗೂನಿನ ಒಂದು ಶಾಲೆಯ ಮೈದಾನದಲ್ಲಿ, ಶನಿವಾರ ಮಧ್ಯಾಹ್ನ ಎರಡಕ್ಕೆ. ಹತ್ತೊಂಬತ್ತರ ಒಳಗಿನ ಹುಡುಗಿಯರ ತಂಡಕ್ಕೆ ಒಬ್ಬಳು ವೇಗದ ಬೌಲರ್ ಬೇಕಾಗಿತ್ತು, ಒಬ್ಬಳೇ. ಮರದಡಿ ಆಯ್ಕೆ ಮಾಡುವ ಇಬ್ಬರು ಹೆಂಗಸರು ಪುಸ್ತಕ ಬಿಚ್ಚಿಕೊಂಡು ಕೂತಿದ್ದರು. ಒಂದು ವರ್ಷದಿಂದ ದತ್ತಾತ್ರೇಯ ಉಂಡದ್ದು, ಮಲಗಿದ್ದು ಎಲ್ಲ ಈ ಒಂದು ಮಧ್ಯಾಹ್ನಕ್ಕಾಗಿ. ತಾನು ಎರಡು ಸಾಲಿನ ಕಾಗದದಲ್ಲಿ ಕಳೆದುಕೊಂಡದ್ದನ್ನು ಮಗಳು ಪಡೆಯಬೇಕು, ಅಷ್ಟೇ.

ಅಂಪೈರುಗಳು ಬರಲಿಲ್ಲ. ಹಾಗಾದಾಗ ಎರಡೂ ಕಡೆಯಿಂದ ಒಬ್ಬೊಬ್ಬ ಅಪ್ಪ ನಿಲ್ಲುವುದು ಇಲ್ಲಿಯ ವಾಡಿಕೆ. ತನ್ನ ಮಗಳು ಬೌಲ್ ಮಾಡುವಾಗ ಅಪ್ಪ ದೂರದ ಸ್ಕ್ವೇರ್ ಲೆಗ್ಗಿಗೆ ಹೋಗಿ, ತೀರ್ಪು ಕೊಡುವ ಜಾಗವನ್ನು ಇನ್ನೊಬ್ಬ ಅಪ್ಪನಿಗೆ ಬಿಡಬೇಕು ಎಂಬುದೂ ವಾಡಿಕೆ. ಆ ಇನ್ನೊಬ್ಬ ಹಯಗ್ರೀವನೇ. ದತ್ತಾತ್ರೇಯ ಜಾಗ ಬಿಡಲು ಹೊರಟಾಗ ಅವನು ಎರಡೂ ಕೈ ಅಡ್ಡ ಹಿಡಿದ.

"ಅಯ್ಯೋ ಕೌಂಟಿ, ನೀವಿರೋವಾಗ ಅಲ್ಲಿ ನಾನು ನಿಲ್ಲೋದಾ? ನಂಗೇನ್ ಗೊತ್ತಾಗತ್ತೆ? ನೀವೇ ನಿಂತ್ಕೊಳ್ಳಿ, ನಾನು ಸ್ಕ್ವೇರ್ ಲೆಗ್ಗಲ್ಲೇ ಆರಾಮಾಗಿರ್ತೀನಿ."

ಇಂಗ್ಲಿಷರಾಗಿದ್ದರೆ ಬಿಡುತ್ತಿರಲಿಲ್ಲ, ತಮಿಳರಾಗಿದ್ದರೆ ಜಗಳಕ್ಕೇ ಬರುತ್ತಿದ್ದರು. ದೊಡ್ಡವರೆಂದು ಒಪ್ಪಿಕೊಂಡ ಮೇಲೆ ನ್ಯಾಯವನ್ನೂ ಅವರ ಕೈಗೇ ಕೊಟ್ಟು ಕೈಮುಗಿಯುವ ಬುದ್ಧಿ ನಮ್ಮವರದು. ದತ್ತಾತ್ರೇಯ ಒಂದು ಸಲ ಬೇಡವೆಂದ, ಎರಡನೇ ಸಲ ಅನ್ನಲಿಲ್ಲ.

ಜಾನ್ವಿ ಅವತ್ತು ಬೆಂಕಿ. ಮೊದಲ ಓವರಿನಲ್ಲೇ ಒಬ್ಬಳ ವಿಕೆಟ್ ಹಾರಿತು. ಎರಡನೇ ಓವರಿನಲ್ಲಿ ಇನ್ನೊಬ್ಬಳ ಹೆಲ್ಮೆಟ್ಟಿನ ಸರಳುಗಳ ನಡುವೆ ಚೆಂಡು ಸಿಕ್ಕಿಕೊಂಡು, ಬಿಡಿಸಿ ನೋಡಿದರೆ ಹುಡುಗಿಯ ಮೂಗು ಒಂದು ಕಡೆಗೆ ತಿರುಗಿತ್ತು. ರಕ್ತ ಗಲ್ಲದಿಂದ ಪ್ಯಾಡಿಗೆ ಇಳಿಯಿತು. ಮರದಡಿಯ ಹೆಂಗಸರು ಬರೆದುಕೊಂಡರು. ಓವರ್ ಮುಗಿದು, ಅಂಪೈರಿನ ಕೈಗೆ ಕೊಟ್ಟಿದ್ದ ಕ್ಯಾಪನ್ನು ಜಾನ್ವಿ ತೆಗೆದುಕೊಳ್ಳಲು ಬಂದಾಗ ಅಪ್ಪ ತುಟಿ ಅಲ್ಲಾಡಿಸದೆ, "ಹಂಗೇ ಹೋಗು" ಎಂದ. ಅಂಪೈರು ಹೇಳುವ ಮಾತಲ್ಲ ಅದು. ಒಂಬತ್ತು ಹುಡುಗಿಯರು ಹೊರಗೆ ಹೋದರು, ಅದರಲ್ಲಿ ಆರು ಜಾನ್ವಿಯ ಪಾಲು.

ಹನ್ನೊಂದನೆಯವಳಾಗಿ ಬಂದವಳು ತನಿಷಾ. ಹದಿನಾರರ ಹುಡುಗಿ, ಮೆತ್ತಗೆ ಸ್ಪಿನ್ ಹಾಕುವವಳು. ಬ್ಯಾಟನ್ನು ಪೊರಕೆಯಂತೆ ಹಿಡಿದಿದ್ದಳು. ಹಿಂದಿನ ವಾರವಷ್ಟೇ ಜಾನ್ವಿಯ ಕೋಣೆಯಲ್ಲಿ ಮಲಗಿ, ಪದ್ಮಿನಿಯ ಚಿತ್ರಾನ್ನವನ್ನು ಎರಡು ಸಲ ಹಾಕಿಸಿಕೊಂಡು ತಿಂದು ಹೋಗಿದ್ದಳು. ಅವಳ ಹೆಲ್ಮೆಟ್ಟು ಹಯಗ್ರೀವ ಯಾರಿಂದಲೋ ಇಸಿದುಕೊಂಡು ಬಂದದ್ದು, ಒಂದಳತೆ ದೊಡ್ಡದು.

"ಮೆಲ್ಲಗೆ ಹಾಕು ಲಾ, ಜಾನು," ಎಂದು ಸಿಂಗಪುರದ ಮಕ್ಕಳ ಧಾಟಿಯಲ್ಲಿ ಲಾ ಸೇರಿಸಿ ನಗುತ್ತ ಕೂಗಿದಳು.

ಮೊದಲ ಚೆಂಡಿಗೆ ಕಣ್ಣು ಮುಚ್ಚಿ ಬ್ಯಾಟು ಬೀಸಿದಳು. ಅಂಚಿಗೆ ತಾಗಿ ನಾಲ್ಕು ಹೋಯಿತು. ಹುಡುಗಿಯರು ಹೋ ಎಂದರು. ಮರದಡಿಯ ಹೆಂಗಸರಲ್ಲಿ ಒಬ್ಬಳು ನಕ್ಕಳು. ಆ ನಗು ಜಾನ್ವಿಗೆ ತಾಗಿದ್ದನ್ನು ದತ್ತಾತ್ರೇಯ ಕಂಡ. ಅವಳ ಕುತ್ತಿಗೆಯ ನರ ಎದ್ದಿತು.

ಎರಡನೆಯದು ಕುಕ್ಕಿ ಎದ್ದು ಪಕ್ಕೆಗೆ ಹೊಕ್ಕಿತು. ತನಿಷಾ ಮಡಚಿಕೊಂಡು ಮಂಡಿಯೂರಿದಳು. ಬಾಯಿ ತೆರೆದಿತ್ತು, ಉಸಿರು ಬರಲಿಲ್ಲ. ಸ್ಕ್ವೇರ್ ಲೆಗ್ಗಿನಿಂದ ಹಯಗ್ರೀವ ಎರಡು ಹೆಜ್ಜೆ ಬಂದು ನಿಂತ.

"ಕೌಂಟಿ, ಇದು ಓಕೆ ತಾನೇ?"

"ಓಕೆ," ಎಂದ ದತ್ತಾತ್ರೇಯ.

ಮೂರನೆಯದು ಗಂಟಲಿಗೆ ಬಂತು. ಅವಳು ಕೈ ಅಡ್ಡ ತಂದಳು. ಚೆಂಡಿಗೂ ಬ್ಯಾಟಿನ ಹಿಡಿಗೂ ನಡುವೆ ಕಿರುಬೆರಳು ಸಿಕ್ಕಿತು. ಗ್ಲೌಸು ಬಿಚ್ಚಿದಾಗ ಉಗುರು ಗ್ಲೌಸಿನಲ್ಲೇ ಉಳಿಯಿತು, ಬೆರಳು ಹಿಂದಕ್ಕೆ ಬಾಗಿ ನಿಂತಿತ್ತು. ಹುಡುಗಿ ಕಿರುಚಲಿಲ್ಲ, ಅಪ್ಪನ ಕಡೆ ನೋಡಿದಳು, ಅಷ್ಟೇ.

ಬ್ಯಾಟು ಬಾರದವರಿಗೆ ಹೀಗೆ ಹಾಕಿದರೆ ನೋ ಬಾಲ್ ಕೊಟ್ಟು ಎಚ್ಚರಿಸಬೇಕು, ಮತ್ತೆ ಹಾಕಿದರೆ ಬೌಲರನ್ನೇ ನಿಲ್ಲಿಸಬೇಕು. ಕಾನೂನು ಅವನಿಗೆ ಬಾಯಿಪಾಠ. ಆದರೆ ಮರದಡಿಯಲ್ಲಿ ಪುಸ್ತಕ ತೆರೆದಿತ್ತು, ಒಬ್ಬಳೇ ಬೇಕಾಗಿದ್ದಳು, ಇನ್ನೊಂದೇ ವಿಕೆಟ್. ಅವನ ಕೈ ಮೇಲೇಳಲಿಲ್ಲ. ತನಿಷಾಳ ತಂಡದ ಕ್ಯಾಪ್ಟನ್ ಹುಡುಗಿ ಬಂದು ಅವಳು ಹೊರಗೆ ಹೋಗಲಿ ಎಂದಾಗ ಹಯಗ್ರೀವನೇ, "ಇಲ್ಲಮ್ಮಾ, ಆಡ್ತಾಳೆ. ಕೌಂಟಿನೇ ಓಕೆ ಅಂದಿದಾರಲ್ಲ," ಎಂದುಬಿಟ್ಟ. ತನಿಷಾ ರಕ್ತ ಸೋರುವ ಕೈಯನ್ನು ಗ್ಲೌಸಿಗೆ ತೂರಿಸಿ, ಅಳು ನುಂಗಿ ನಿಂತಳು.

ಜಾನ್ವಿ ಮಾರ್ಕಿಗೆ ಹೋಗುವಾಗ ಅಪ್ಪನನ್ನು ದಾಟಿದಳು. ದಾಟುತ್ತ, ಅವನಿಗಷ್ಟೇ ಕಾಣುವ ಹಾಗೆ, ಎರಡು ಬೆರಳಲ್ಲಿ ತನ್ನ ಗಂಟಲನ್ನು ಮುಟ್ಟಿಕೊಂಡು ನಕ್ಕಳು.

ದತ್ತಾತ್ರೇಯನಿಗೆ ತನ್ನ ಹಳೆಯ ಕ್ಯಾಪ್ಟನ್ನಿನ ಬೆರಳುಗಳು ಕಂಡವು. ಅಷ್ಟರಲ್ಲಿ ಅವಳು ತಿರುಗಿ ಓಡಿಬರುತ್ತಿದ್ದಳು. ಪಕ್ಕದಲ್ಲಿ ಅವಳ ಉಸಿರು ಹಾದುಹೋದಾಗ ಕೈ ಚಾಚಿ "ನೋ ಬಾಲ್!" ಎಂದು ಚೀರಿದ. ಚೆಂಡು ಅಷ್ಟರಲ್ಲಿ ಕೈ ಬಿಟ್ಟಿತ್ತು. ಚೀರಿದ ಸದ್ದಿಗೆ ತನಿಷಾ ಬೆಚ್ಚಿ ಮುಖ ತಿರುಗಿಸಿದಳು. ದೊಡ್ಡ ಹೆಲ್ಮೆಟ್ಟು ಜರುಗಿತು. ಚೆಂಡು ಅವಳ ಬಲಗಿವಿಯ ಹಿಂದೆ ಬಿತ್ತು.

ಅವಳು ವಿಕೆಟ್ಟಿನ ಮೇಲೆ ಬಿದ್ದಳು. ಕಾಲುಗಳು ಒಂದರ ಹಿಂದೊಂದು ಆಡಿದವು.

ಜಾನ್ವಿ ನಡು ಪಿಚ್ಚಿನಲ್ಲಿ ಸೊಂಟಕ್ಕೆ ಕೈಕೊಟ್ಟು ನಿಂತಳು. ಮುಖದಲ್ಲಿ ಗಾಬರಿಯಿರಲಿಲ್ಲ. ಅವಳು ಕಾಯುತ್ತಿದ್ದಳು. ಹಯಗ್ರೀವ ಓಡಿಹೋಗಿ ಮಗಳ ಪಕ್ಕ ಕುಸಿದು, ಹೆಲ್ಮೆಟ್ಟು ಕಿತ್ತು, ಹೇಳುತ್ತಿದ್ದ: "ಏಳು ಪುಟ್ಟಾ. ಏನೂ ಆಗಿಲ್ಲ. ರಾಯ್ ಥರ ಎದ್ದು ನಗು, ಎಲ್ಲಿ, ನಗು ನೋಡೋಣ."

ತನಿಷಾ ಪಾಪ, ಪ್ರಯತ್ನಪಟ್ಟಳು. ಮೊಣಕೈ ಊರಿ ಅರ್ಧ ಎದ್ದು, ಯಾರ ಕಡೆಗೋ ನೋಡಿ ಹಲ್ಲು ಕಿರಿದಳು. ಆಮೇಲೆ ಅಪ್ಪನ ತೊಡೆಯ ಮೇಲೆ ವಾಂತಿ ಮಾಡಿಕೊಂಡು ಒರಗಿದಳು. ಕಣ್ಣುಗಳು ಎರಡು ಕಡೆ ನೋಡುತ್ತಿದ್ದವು. ನಾಲ್ಕು ಜನ ಅವಳನ್ನು ಎತ್ತಿಕೊಂಡು ಮರದ ಕಡೆ ಓಡಿದರು, ಯಾರೋ ಆಂಬುಲೆನ್ಸಿಗೆ ಫೋನ್ ಮಾಡಿದರು. ಹುಡುಗಿಯರೆಲ್ಲ ಹಿಂದೆ ಹೋದರು. ಹಯಗ್ರೀವ ಹೋಗುತ್ತ ಒಮ್ಮೆ ತಿರುಗಿ ದತ್ತಾತ್ರೇಯನನ್ನು ನೋಡಿದ. ಬೈಗುಳವಿರಲಿಲ್ಲ, ಇನ್ನೂ ಕೌಂಟಿ ಏನಾದರೂ ಹೇಳಿಯಾರು ಎಂದು ಕಾಯುವ ನೋಟ. ಬೈದಿದ್ದರೇ ಚೆನ್ನಾಗಿತ್ತು.

ಪಿಚ್ಚಿನಲ್ಲಿ ಅಪ್ಪ, ಮಗಳು ಇಬ್ಬರೇ ಉಳಿದರು.

"ಯಾಕೆ ನೋ ಬಾಲ್? ನನ್ ಕಾಲು ಲೈನ್ ಹಿಂದೇನೇ ಇತ್ತು ಲಾ," ಎಂದಳು ಜಾನ್ವಿ. "ಸೆಲೆಕ್ಟರ್ಸ್ ಬರ್ಕೊಂಡ್ರು ನೋಡಿ. ನೀವೇ ನನ್ ಚಾನ್ಸ್ ಸ್ಪಾಯ್ಲ್ ಮಾಡಿದ್ರಿ."

"ತನಿಷಾ ಹತ್ರ ಹೋಗು ಜಾನು."

"ಹೋಗ್ತೀನಿ. ಶೀ ವಿಲ್ ಬಿ ಫೈನ್ ಲಾ. ಎದ್ದಳಲ್ಲ. ರಾಯ್‌ನೂ ಎದ್ದ."

"ರಾಯ್ ಏಳ್ಲಿಲ್ಲ."

ಅವಳು ಹುಬ್ಬು ಗಂಟಿಕ್ಕಿದಳು. ಆಮೇಲೆ ನಕ್ಕೇಬಿಟ್ಟಳು. "ಅಪ್ಪಾ, ಕಮಾನ್. ಈಗ ಸ್ಟೋರಿ ಚೇಂಜ್ ಮಾಡ್ಬೇಡಿ."

"ನಿಜ ಕಣೇ. ಏಳ್ಲೇ ಇಲ್ಲ ಅವನು. ಒಂಬತ್ತು ವರ್ಷ ಹಾಸಿಗೇಲಿದ್ದ. ಮಾತು ಹೋಯ್ತು, ಚಮಚ ಹಿಡಿಯಕ್ಕೆ ಆಗ್ತಿರ್ಲಿಲ್ಲ. ನಾನು ನೋಡಿದೀನಿ."

"ನಂಗೆ ಗಿಲ್ಟಿ ಫೀಲ್ ಆಗ್ಲಿ ಅಂತ ಹೇಳ್ತಿದೀರ. ಮೂರ್ ವರ್ಷದೋಳಿದ್ದಾಗಿಂದ ಹೇಳಿದೀರಲ್ಲ, ಎದ್ದು ನಕ್ಕ, ಎದ್ದು ನಕ್ಕ ಅಂತ. ಅದು ಸುಳ್ಳಾದ್ರೆ ಇದು ನಿಜ ಅಂತ ಹೆಂಗೆ ನಂಬ್ಲಿ? ಎವ್ರಿಬಡಿ ಗೆಟ್ಸ್ ಅಪ್ ಅಪ್ಪಾ. ನೀವು ಸಾಫ್ಟ್ ಆಗ್ಬಿಟ್ಟಿದೀರ. ನಾಳೆ ಇನ್ನೊಬ್ಳು ಇಲೆವೆನ್ ಬಂದ್ರೂ ನಾನು ಅಲ್ಲಿಗೇ ಹಾಕೋದು." ಅವಳು ಚೆಂಡನ್ನು ತೊಡೆಗೆ ಉಜ್ಜಿದಳು. "ಇನ್ನೂ ಮೂರು ಬಾಲ್ ಇದೆ ನಂಗೆ."

ಹದಿನಾಲ್ಕು ವರ್ಷ ಹೇಳಿದ ಸುಳ್ಳು ಕಲ್ಲಿನಷ್ಟು ಗಟ್ಟಿಯಾಗಿತ್ತು. ಈಗ ಹೇಳಿದ ನಿಜಕ್ಕೆ ನಿಲ್ಲಲು ಜಾಗವಿರಲಿಲ್ಲ. ದತ್ತಾತ್ರೇಯ ಪಿಚ್ಚಿನ ಆ ತುದಿಗೆ ನಡೆದುಹೋದ. ಬಿದ್ದಿದ್ದ ತನಿಷಾಳ ಬ್ಯಾಟನ್ನು ಎತ್ತಿಕೊಂಡ. ಹಿಡಿ ರಕ್ತದಿಂದ ಅಂಟಂಟಾಗಿತ್ತು. ಅಂಪೈರಿನ ಬಿಳಿ ಟೋಪಿಯಲ್ಲೇ ಕ್ರೀಸಿನಲ್ಲಿ ನಿಂತ.

"ಹಾಕು ಮೂರು ಬಾಲ್."

"ಏನ್ ಮಾಡ್ತಿದೀರ? ಹೆಲ್ಮೆಟ್ ಹಾಕ್ಕೊಳ್ಳಿ."

"ರಾಯ್ ಹಾಕ್ಕೊಂಡಿರ್ಲಿಲ್ಲ. ಎದ್ದೇಳ್ತಾರೆ ಅಂತೀಯಲ್ಲ. ಹಾಕು."

ಮೊದಲನೆಯದನ್ನು ಅವಳು ಅಣಕಕ್ಕೆಂದು ಮೆತ್ತಗೆ ಹಾಕಿದಳು. ಚೆಂಡು ಉರುಳಿಕೊಂಡು ಬಂದು ಬ್ಯಾಟಿಗೆ ತಾಗಿತು. ಅವನು ಅದನ್ನು ಹೆಕ್ಕಿ ವಾಪಸ್ಸು ಎಸೆದ. "ಇದಲ್ಲ. ತನಿಷಾಗೆ ಹಾಕಿದ್ದು ಹಾಕು. ನನ್ನ ಕಂಡ್ರೆ ಹೆದರಿಕೆನಾ?"

ಹೆದರಿಕೆ ಎಂಬ ಮಾತು ಅವಳ ಮುಂದೆ ಯಾರೂ ಆಡಬಾರದು. ಎರಡನೆಯದು ಅವನ ಟೋಪಿಯ ಅಂಚನ್ನು ಹಾರಿಸಿಕೊಂಡು ಹೋಯಿತು. ಅವನು ಬಗ್ಗಲಿಲ್ಲ. ಹಿಂದೆ ಹೋಗಿ ಚೆಂಡು ಹೆಕ್ಕಿ ಅವಳಿಗೆ ಎಸೆದು ಮತ್ತೆ ಬಂದು ನಿಂತ. ಟೋಪಿಯಿಲ್ಲದ ಬೋಳುತಲೆಯ ಮೇಲೆ ಬಿಸಿಲು ಸುಡುತ್ತಿತ್ತು. ಮೂರನೆಯದನ್ನು ಹಾಕದೆ ಅವಳು ಚೆಂಡನ್ನು ಅತ್ತ ಬಿಸಾಡಿ ಹೊರಟುಹೋಗುತ್ತಾಳೆ ಎಂದು ಅವನಿಗೆ ಒಂದು ಕ್ಷಣ ಅನಿಸಿತು. ಹಾಗೇ ಆಗಲಿ ಎಂದೂ ಅನಿಸಿತು. ಅವನಿಗೂ ಪ್ರಾಣ ಬೇಕಾಗಿತ್ತು. ಆದರೆ ಅವಳು ಹಾಗೆ ಹೋದರೆ ರಾಯ್ ಎದ್ದು ನಕ್ಕವನಾಗಿಯೇ ಉಳಿಯುತ್ತಾನೆ. ಅವನು ಎರಡು ಬೆರಳನ್ನು ತನ್ನ ಗಂಟಲಿಗೆ ಮುಟ್ಟಿಸಿ ತೋರಿಸಿದ.

ಅವಳು ಸಿಟ್ಟಿನಿಂದ ಅಳುತ್ತಲೇ ಓಡಿಬಂದಳು. ಚೆಂಡು ಕೈ ಬಿಟ್ಟಾಗಲೇ ಅದು ಎಲ್ಲಿಗೆ ಬರುತ್ತದೆಂದು ಅವನಿಗೆ ಗೊತ್ತಾಯಿತು. ಅವನೇ ಕಲಿಸಿದ ಚೆಂಡು. ಮೈ ತಾನಾಗಿಯೇ ಬಗ್ಗಲು ಹೊರಟಿತು. ತಡೆದ.

ಸದ್ದು ಹೊರಗಿನಿಂದ ಬರಲಿಲ್ಲ, ತಲೆಯ ಒಳಗೇ ಆಯಿತು. ದವಡೆ ಒಂದು ಕಡೆಗೆ ಸರಿದದ್ದು ತಿಳಿಯಿತು. ಪಿಚ್ಚಿಗೆ ಹಾಸಿದ್ದ ಮ್ಯಾಟು ಮುಖಕ್ಕೆ ಬಂದು ಬಡಿಯಿತು. ಬಾಯಿತುಂಬ ಬಿಸಿ ರಕ್ತ, ನಾಲಗೆಯ ಕೆಳಗೆ ಒಂದು ಹಲ್ಲು. ಬೆಂಕಿಪೊಟ್ಟಣದಲ್ಲಿಟ್ಟು ಕೊಟ್ಟದ್ದು ಇಂಥದೇ ಎಂದು ಅವನಿಗೆ ನೆನಪಾಯಿತು.

ಹುಡುಗಿಯ ಹೆಜ್ಜೆ ನಡು ಪಿಚ್ಚಿನಲ್ಲಿ ನಿಂತಿತು. ಒರಗಿದ ಕಣ್ಣಿಗೆ ಅವಳ ಶೂ ಕಾಣುತ್ತಿತ್ತು, ಸೊಂಟದ ಮೇಲೆ ಕೈ ಕಾಣುತ್ತಿತ್ತು. ಅವಳು ಕಾಯುತ್ತಿದ್ದಳು. ದೂರದಲ್ಲಿ ಆಂಬುಲೆನ್ಸಿನ ಕೂಗು.

"ಏಳಿ ಅಪ್ಪಾ," ಎಂದಳು.

ಏಳಬಹುದಾಗಿತ್ತು. ಕಾಲು ಅವನ ಮಾತು ಕೇಳುತ್ತಿತ್ತು, ಕೈ ಊರಿದರೆ ಕೂರಬಹುದಾಗಿತ್ತು. ಮಗಳಿಗೆ ಮಾಡಬಾರದ ಕೆಲಸವಿದು, ಅದು ಅವನಿಗೆ ಗೊತ್ತಿತ್ತು. ಅವನು ಏಳಲಿಲ್ಲ.

"ಅಪ್ಪಾ, ಏಳಿ. ಸಾಕು ಲಾ. ಏಳಿ." ದನಿ ಒಡೆಯಿತು. "ಏಳೀಪ್ಪಾ!"

ಅವಳ ಕೈ ಸೊಂಟದಿಂದ ಜಾರಿತು. ಓಡಿಬಂದು ಮಂಡಿಯೂರಿ, ಅವನ ತಲೆಯನ್ನು ಎತ್ತಲು ಹೋಗಿ, ಅಂಗೈಯ ರಕ್ತ ಕಂಡು ಬಿಟ್ಟಳು. ಮತ್ತೆ ಎತ್ತಿ ತೊಡೆಯ ಮೇಲೆ ಇಟ್ಟುಕೊಂಡಳು. ಮರದ ಕಡೆ ನೋಡಿದಳು. ಅಲ್ಲಿ ತನಿಷಾಳ ಸುತ್ತ ಜನ ಬಗ್ಗಿದ್ದರು.

"ರಾಯ್ ಏಳ್ಲೇ ಇಲ್ಲ," ಎಂದಳು, ಚಿಕ್ಕ ಮಗುವಿನ ದನಿಯಲ್ಲಿ. "ಅಲ್ವಾ ಅಪ್ಪಾ?"

ಹೌದೆನ್ನಲು ದವಡೆ ಆಡಲಿಲ್ಲ. ದತ್ತಾತ್ರೇಯ ಕೈ ಚಾಚಿ ಅವಳ ಬಲಗೈ ಮಣಿಕಟ್ಟನ್ನು ಹಿಡಿದುಕೊಂಡ. ಅವನು ಬಿಡಲಿಲ್ಲ.